ವರ್ಷವೇ ಇಲ್ಲದ ಹಳೆಯ ಸಂಗೀತ ಪುಸ್ತಕ: ಯಾವಾಗ ಅಚ್ಚಾಯಿತು ಎಂದು ಪತ್ತೆ ಹಚ್ಚುವ ಕ್ರಮ

ಫೋಟೊ ಕಳಿಸುವವರೆಲ್ಲ ಕೇಳುವುದು ಒಂದೇ ಪ್ರಶ್ನೆ. ‘ಅಜ್ಜಿಯ ಟ್ರಂಕಿನಲ್ಲಿ ಬೀಥೋವನ್ ಪಿಯಾನೊ ಪುಸ್ತಕ ಸಿಕ್ಕಿತು. ಇದು 1820ರದ್ದು ಅಲ್ವಾ?’ ಬಹುಪಾಲು ಸಲ ಅಲ್ಲ. ಬೀಥೋವನ್ ತೀರಿಕೊಂಡದ್ದು 1827ರಲ್ಲಿ. ಅವನ ಪುಸ್ತಕಗಳನ್ನು ಮಾತ್ರ ಇವತ್ತಿನವರೆಗೂ ಅಚ್ಚು ಹಾಕುತ್ತಲೇ ಇದ್ದಾರೆ.

ತೊಂದರೆಯ ಮೂಲ ಇಷ್ಟೇ. 19ನೇ ಶತಮಾನದ ಯುರೋಪಿನ ಸಂಗೀತ ಪ್ರಕಾಶಕರು ಮುಖಪುಟದಲ್ಲಿ ವರ್ಷ ಹಾಕುತ್ತಿದ್ದದ್ದು ಅಪರೂಪ. ವರ್ಷ ಹಾಕಿದರೆ ಸರಕು ಹಳತಾಗಿ ಕಾಣುತ್ತದೆ ಎಂಬ ವ್ಯಾಪಾರಿ ಲೆಕ್ಕ. ಅದರ ಮೇಲೆ ಒಮ್ಮೆ ಲೋಹದ ಪ್ಲೇಟಿನಲ್ಲಿ ಕೊರೆದ ಸಂಗೀತವನ್ನು ಮೂವತ್ತು, ನಲವತ್ತು ವರ್ಷ ಒತ್ತಿ ಒತ್ತಿ ಮಾರುತ್ತಿದ್ದರು. ಹಾಗಾಗಿ ನಿಮ್ಮ ಕೈಯಲ್ಲಿರುವ ಪುಸ್ತಕಕ್ಕೆ ಎರಡು ವರ್ಷ ಇರುತ್ತದೆ: ಪ್ಲೇಟು ಕೊರೆದ ವರ್ಷ, ಹಾಳೆ ಒತ್ತಿದ ವರ್ಷ. ಜನ ಎಡವುವುದು ಇವೆರಡನ್ನೂ ಒಂದೇ ಎಂದುಕೊಂಡು.

ಕೆಳಗಿನ ಹಂತಗಳನ್ನು ಇದೇ ಕ್ರಮದಲ್ಲಿ ಮಾಡಿ. ಎಲ್ಲರೂ ಆರನೇ ಹಂತದಿಂದ ಶುರು ಮಾಡುತ್ತಾರೆ. ದಾರಿ ತಪ್ಪುವುದು ಅಲ್ಲೇ.

## ಹಂತ 1: ಪುಸ್ತಕ ತೆರೆಯುವ ಮೊದಲು

ಬೇಕಾದ್ದು ಕಡಿಮೆ. ಹತ್ತು ಪಟ್ಟು ದೊಡ್ಡದಾಗಿ ತೋರಿಸುವ ಭೂತಕನ್ನಡಿ, ಸಣ್ಣ ಟಾರ್ಚ್, ಸ್ಕೇಲು, ಮೆತ್ತನೆಯ ಪೆನ್ಸಿಲ್, ಒಂದು ನೋಟ್‌ಬುಕ್. ಪೆನ್ನನ್ನು ಬೇರೆ ಕೋಣೆಯಲ್ಲಿಟ್ಟು ಬನ್ನಿ. ಗ್ಲೌಸ್ ಬೇಡ, ಕೈ ತೊಳೆದು ಚೆನ್ನಾಗಿ ಒರೆಸಿಕೊಂಡರೆ ಸಾಕು. ಗ್ಲೌಸ್ ಹಾಕಿದ ಬೆರಳಿಗೆ ಪುಡಿಯಾಗುವ ಹಾಳೆಯ ಅಂಚು ಗೊತ್ತಾಗುವುದಿಲ್ಲ.

ಹರಿದಿದೆ ಎಂದು ಸೆಲ್ಲೋಟೇಪ್ ಅಂಟಿಸಬೇಡಿ. ಲ್ಯಾಮಿನೇಷನ್ ಅಂತೂ ಬೇಡವೇ ಬೇಡ. ಹುಳ ಇದ್ದರೆ ಆ ಪುಸ್ತಕವನ್ನು ಉಳಿದವುಗಳಿಂದ ಬೇರೆ ಇಡಿ, ಬಿಸಿಲಿಗೆ ಮಾತ್ರ ಹಾಕಬೇಡಿ.

ನೋಟ್‌ಬುಕ್ಕಿನಲ್ಲಿ ಎರಡು ಕಾಲಂ ಎಳೆಯಿರಿ. ಒಂದರ ತಲೆಗೆ ‘ಇದಕ್ಕಿಂತ ಮೊದಲಲ್ಲ’, ಇನ್ನೊಂದರ ತಲೆಗೆ ‘ಇದಕ್ಕಿಂತ ಆಮೇಲಲ್ಲ’ ಎಂದು ಬರೆಯಿರಿ. ಮುಂದಿನ ಕೆಲಸವೆಲ್ಲ ಈ ಎರಡು ಕಾಲಂ ತುಂಬುವುದೇ.

## ಹಂತ 2: ಇದು ಯಾವ ಬಗೆಯ ಪುಸ್ತಕ?

ಒಂದೇ ಕೃತಿ ಹಲವು ರೂಪದಲ್ಲಿ ಮಾರಾಟವಾಗುತ್ತಿತ್ತು. ಎಲ್ಲ ವಾದ್ಯಗಳೂ ಒಂದರ ಕೆಳಗೆ ಒಂದಿದ್ದರೆ ಅದು ಪೂರ್ಣ ಸ್ಕೋರ್. ಒಂದೇ ವಾದ್ಯದ ಸಾಲಿದ್ದರೆ ಪಾರ್ಟ್. ಹಾಡುವವರ ಸಾಲುಗಳ ಕೆಳಗೆ ಪಿಯಾನೊ ಇದ್ದರೆ ವೋಕಲ್ ಸ್ಕೋರ್. ಎಡ ಪುಟ ಒಬ್ಬರಿಗೆ, ಬಲ ಪುಟ ಇನ್ನೊಬ್ಬರಿಗೆ ಎಂದಿದ್ದರೆ ನಾಲ್ಕು ಕೈಯ ಪಿಯಾನೊ ರೂಪ. ರೆಕಾರ್ಡ್, ರೇಡಿಯೊ ಇಲ್ಲದ ಕಾಲದಲ್ಲಿ ಜನ ಮನೆಯಲ್ಲಿ ಸಿಂಫನಿ ಕೇಳಿದ್ದೇ ಇದರಿಂದ. ಟ್ರಂಕುಗಳಲ್ಲಿ ಜಾಸ್ತಿ ಸಿಗುವುದೂ ಪಿಯಾನೊ ರೂಪಗಳೇ.

ಇದನ್ನು ಮೊದಲೇ ಗುರುತಿಸುವುದು ಯಾಕೆಂದರೆ, ಪ್ರತಿ ರೂಪದ ಹುಟ್ಟಿದ ವರ್ಷ ಬೇರೆ. ಶೂಬರ್ಟ್‌ನ ದೊಡ್ಡ ಸಿ ಮೇಜರ್ ಸಿಂಫನಿಯನ್ನು ಮೆಂಡೆಲ್ಸನ್ ಲೈಪ್‌ಜಿಗ್‌ನಲ್ಲಿ 1839ರ ಮಾರ್ಚ್ 21ರಂದು ಮೊದಲ ಬಾರಿಗೆ ನಡೆಸಿಕೊಟ್ಟ. ಬ್ರೈಟ್‌ಕೋಫ್ ಉಂಡ್ ಹೆರ್ಟೆಲ್ ಕಂಪನಿ ಅದರ ಪಾರ್ಟ್‌ಗಳನ್ನು 1840ರಲ್ಲಿ ತಂದಿತು. ಪೂರ್ಣ ಸ್ಕೋರ್ ಬಂದದ್ದು 1849ರಲ್ಲಿ. ಶೂಬರ್ಟ್ ಸತ್ತದ್ದು 1828ರಲ್ಲಿ. ಯಾವ ರೂಪ ಎಂದು ನೋಡದೆ ವರ್ಷ ಬರೆದರೆ ಒಂಬತ್ತು ವರ್ಷ ಆಚೀಚೆ ಆಯಿತು ಅಂತಲೇ.

ಸಾಮಾನ್ಯ ತಪ್ಪು: ಓಪಸ್ ಸಂಖ್ಯೆ, ಅಂದರೆ ಸಂಗೀತಗಾರನ ಕೃತಿಗಳಿಗೆ ಕೊಡುವ ಕ್ರಮಸಂಖ್ಯೆ, ನೋಡಿ ಕಾಲ ಊಹಿಸುವುದು. ಶೂಬರ್ಟ್‌ನ ಓಪಸ್ 1 ಆಗಿ ಅಚ್ಚಾದ ‘ಎರ್ಲ್‌ಕ್ಯೋನಿಗ್’ ಹಾಡು ಬರೆದದ್ದು 1815ರಲ್ಲಿ, ಅಚ್ಚಾದದ್ದು 1821ರಲ್ಲಿ. ಶೋಪ್ಯಾನ್ 1834ರಲ್ಲಿ ಬರೆದ ‘ಫ್ಯಾಂಟಸಿ ಇಂಪ್ರಾಂಪ್ಟು’ ಓಪಸ್ 66 ಆದದ್ದು ಅವನು ಸತ್ತ ಮೇಲೆ, 1855ರಲ್ಲಿ. ದ್ವೊರ್ಷಾಕ್‌ನ ಹಳೆಯ ಕೃತಿಗಳಿಗೆ ಅವನ ಪ್ರಕಾಶಕ ಸಿಮ್ರಾಕ್ ದೊಡ್ಡ ಓಪಸ್ ಸಂಖ್ಯೆ ಹಾಕಿ ಹೊಸ ಸರಕಿನ ಹಾಗೆ ಮಾರಿದ. ಓಪಸ್ ಸಂಖ್ಯೆಯನ್ನು ಬರೆದುಕೊಳ್ಳಿ, ಎರಡು ಕಾಲಂಗಳಿಗೆ ಮಾತ್ರ ಸೇರಿಸಬೇಡಿ.

## ಹಂತ 3: ಕಂಡದ್ದನ್ನು ಕಂಡ ಹಾಗೆ ಬರೆದುಕೊಳ್ಳಿ

ಮುಖಪುಟದ ಪ್ರತಿ ಅಕ್ಷರವನ್ನೂ ಬರೆಯಿರಿ. ಹೆಸರನ್ನು ತಿದ್ದಬೇಡಿ, ಅನುವಾದ ಮಾಡಬೇಡಿ. ಆಮೇಲೆ ಸಂಗೀತದ ಮೊದಲ ಪುಟದ ಅಡಿ, ಕೊನೆಯ ಪುಟದ ಅಡಿ, ರಟ್ಟಿನ ಒಳಬದಿ, ಹಿಂಬದಿಯ ಜಾಹೀರಾತು. ಬೇಸರದ ಕೆಲಸ ನಿಜ. ಆದರೆ ನನಗೆ ಬರುವ ಫೋಟೊಗಳಲ್ಲಿ ಅರ್ಧಕ್ಕರ್ಧ ಮುಖಪುಟದ ಚಿತ್ರ ಮಾತ್ರ ಇರುತ್ತದೆ. ಉತ್ತರ ಪುಟದ ಅಡಿಯಲ್ಲಿರುತ್ತದೆ.

ಕೈಬರಹ, ಅಂಗಡಿ ಮುದ್ರೆ, ಅಂಟಿಸಿದ ಚೀಟಿ ಇವನ್ನು ಬೇರೆಯಾಗಿ ಬರೆಯಿರಿ. ‘ಎಮಿಲಿಗೆ, ಕ್ರಿಸ್ಮಸ್ 1884’ ಎಂದು ಶಾಯಿಯಲ್ಲಿ ಬರೆದಿದ್ದರೆ ಅದು ಚಿನ್ನ. ‘ಇದಕ್ಕಿಂತ ಆಮೇಲಲ್ಲ’ ಕಾಲಂಗೆ ಸಿಗುವ ಅಪರೂಪದ ಸಾಕ್ಷಿ ಅದು. ಹಾಳೆಯನ್ನು ಬೆಳಕಿಗೆ ಹಿಡಿದೂ ನೋಡಿ. ಇಂಗ್ಲೆಂಡಿನ ಕಾಗದದಲ್ಲಿ ಕೆಲವೊಮ್ಮೆ ನೀರಚ್ಚಿನೊಳಗೆ (ವಾಟರ್‌ಮಾರ್ಕ್) ವರ್ಷವೇ ಇರುತ್ತದೆ. ಅದು ಕಾಗದ ಮಾಡಿದ ವರ್ಷ, ಹಾಗಾಗಿ ‘ಮೊದಲಲ್ಲ’ ಕಾಲಂಗೆ ಹೋಗಬೇಕು.

ಒಪೆರಾ ಪುಸ್ತಕಗಳಲ್ಲಿ ಒಂದು ಬಲೆ ಇದೆ. ವರ್ದಿಯ ‘ಒಟೆಲ್ಲೊ’ ವೋಕಲ್ ಸ್ಕೋರ್‌ನ ಆರಂಭದಲ್ಲಿ ಮಿಲಾನಿನ ಲಾ ಸ್ಕಾಲಾದಲ್ಲಿ 1887ರ ಫೆಬ್ರವರಿ 5ರಂದು ಮೊದಲ ಪ್ರದರ್ಶನವಾಯಿತು ಎಂದು ಕಂಡರೆ ಅದು ಪ್ರದರ್ಶನದ ದಿನ. ಐವತ್ತು ವರ್ಷ ಬಿಟ್ಟು ಅಚ್ಚಾದ ಪ್ರತಿಯಲ್ಲೂ ಆ ದಿನ ಬದಲಾಗುವುದಿಲ್ಲ.

## ಹಂತ 4: ಪ್ರಕಾಶಕರ ಹೆಸರು ಮತ್ತು ವಿಳಾಸ

ನನ್ನ ಅನುಭವದಲ್ಲಿ ಜಾಸ್ತಿ ಫಲ ಕೊಡುವ ಹಂತ ಇದು. ಅಪ್ಪನ ಅಂಗಡಿ ಮಗನಿಗೆ ಬಂದಾಗ, ಪಾಲುದಾರ ಬಿಟ್ಟು ಹೋದಾಗ, ಕಂಪನಿ ಮಾರಾಟವಾದಾಗ ಮುಖಪುಟದ ಹೆಸರು ಬದಲಾಗುತ್ತದೆ. ಒಳಗಿನ ಪ್ಲೇಟುಗಳು ಹಳೆಯವೇ ಇರುತ್ತವೆ.

ಪ್ಯಾರಿಸ್ಸಿನ ಡ್ಯುರಾಂಡ್ ಕಂಪನಿಯನ್ನೇ ನೋಡಿ. 1870ರ ಸುಮಾರಿನಿಂದ 1891ರವರೆಗೆ ‘ಡ್ಯುರಾಂಡ್, ಶೋನೆವೆರ್ಕ್ ಎ ಸೀ’. 1891ರಿಂದ 1909ರವರೆಗೆ ‘ಎ. ಡ್ಯುರಾಂಡ್ ಎ ಫೀಸ್’, ಅಂದರೆ ಡ್ಯುರಾಂಡ್ ಮತ್ತು ಮಗ. ಆಮೇಲೆ ‘ಡ್ಯುರಾಂಡ್ ಎ ಸೀ’. ಸ್ಯಾಂ-ಸಾನ್ಸ್‌ನ 1870ರ ದಶಕದ ಕೃತಿಯೊಂದು ನಿಮ್ಮ ಬಳಿ ಇದೆ ಎನ್ನಿ. ಪುಟದ ಅಡಿಯಲ್ಲಿ ‘ಡಿ. ಎಸ್.’ ಎಂಬ ಹಳೆಯ ಗುರುತು, ಮುಖಪುಟದಲ್ಲಿ ‘ಎ ಫೀಸ್’. ಪ್ಲೇಟು 1870ರ ದಶಕದ್ದು, ಪ್ರತಿ 1891 ಮತ್ತು 1909ರ ನಡುವಿನದು. ಎರಡು ವರ್ಷದ ಲೆಕ್ಕ ಈಗ ಗೊತ್ತಾಯಿತಲ್ಲ?

ಪದೇ ಪದೇ ಸಿಗುವ ಇನ್ನಷ್ಟು ಹೆಸರುಗಳು ಇಲ್ಲಿವೆ.

ವಿಯೆನ್ನಾದಲ್ಲಿ ಕಾಪಿ ಉಂಡ್ ಡಿಯಾಬೆಲ್ಲಿ 1818ರಲ್ಲಿ ಶುರುವಾಗಿ 1824ರಲ್ಲಿ ಡಿಯಾಬೆಲ್ಲಿ ಕಂಪನಿ ಆಯಿತು. 1850ರ ದಶಕದ ಆರಂಭದಲ್ಲಿ ಸ್ಪೀನಾ ಕೈಗೆ ಹೋಯಿತು. 1870ರ ದಶಕದಲ್ಲಿ ಶ್ರೈಬರ್, ಆಮೇಲೆ ಕ್ರಾಂಟ್ಸ್.

ಸಿಮ್ರಾಕ್ 1793ರಲ್ಲಿ ಬಾನ್ ನಗರದಲ್ಲಿ ಹುಟ್ಟಿದ್ದು. 1870ರಲ್ಲಿ ಬರ್ಲಿನ್‌ಗೆ ಬಂತು.

ಲಂಡನ್ನಿನ ನೊವೆಲೊ ಕಂಪನಿ 1867ರಿಂದ 1898ರವರೆಗೆ ‘ನೊವೆಲೊ, ಯೂಅರ್ ಅಂಡ್ ಕೋ’. ಶೋಪ್ಯಾನ್‌ನ ಇಂಗ್ಲಿಷ್ ಪ್ರಕಾಶಕ ವೆಸೆಲ್ 1860ರಲ್ಲಿ ಕೈಬಿಟ್ಟ. ಅಲ್ಲಿಂದ ‘ಆಶ್‌ಡೌನ್ ಅಂಡ್ ಪ್ಯಾರಿ’, 1882ರಿಂದ ‘ಎಡ್ವಿನ್ ಆಶ್‌ಡೌನ್’.

ವಿಳಾಸವೂ ಮಾತಾಡುತ್ತದೆ. ಲಂಡನ್ನಿಗೆ ಅಂಚೆ ವಲಯಗಳು ಬಂದದ್ದು 1857-58ರಲ್ಲಿ. ಬೀದಿಯ ಹೆಸರಿನ ಮುಂದೆ ‘ಲಂಡನ್, ಡಬ್ಲ್ಯೂ.’ ಎಂದಿದ್ದರೆ ಪ್ರತಿ ಅದಕ್ಕಿಂತ ಹಳೆಯದಲ್ಲ. ‘ಡಬ್ಲ್ಯೂ. 1’ ಎಂದು ಅಂಕಿ ಕೂಡ ಇದ್ದರೆ 1917ಕ್ಕಿಂತ ಹಳೆಯದಲ್ಲ. ‘ವಿಕ್ಟೋರಿಯನ್ ಕಾಲದ್ದು’ ಎಂದು ದುಬಾರಿಗೆ ಮಾರುವ ಎಷ್ಟೋ ಪುಸ್ತಕಗಳ ಬಣ್ಣ ಈ ಒಂದಂಕಿಯಿಂದ ಬಯಲಾಗಿದೆ. ಜರ್ಮನ್ ಕಂಪನಿಯ ಹೆಸರಿನ ಕೊನೆಗೆ ‘ಜಿ. ಎಂ. ಬಿ. ಎಚ್.’ ಎಂಬ ನಾಲ್ಕಕ್ಷರ ಇದ್ದರೆ, ಆ ಬಗೆಯ ಸೀಮಿತ ಹೊಣೆಯ ಕಂಪನಿಗೆ ಕಾನೂನು ಬಂದದ್ದೇ 1892ರಲ್ಲಿ.

ಎಚ್ಚರ: ಹೆಸರು ಬದಲಾದ ಮೇಲೂ ಹಳೆಯ ಮುಖಪುಟದ ದಾಸ್ತಾನು ಮುಗಿಯುವವರೆಗೆ ಬಳಸುತ್ತಿದ್ದರು. ಎರಡೂ ಕಡೆ ಒಂದೆರಡು ವರ್ಷ ಸಡಿಲ ಬಿಡಿ. ಕೆಳಗೆ ಅಂಟಿಸಿದ ಚೀಟಿ ಮಾರಿದ ಅಂಗಡಿಯದ್ದೂ ಇರಬಹುದು, ಅದನ್ನು ಪ್ರಕಾಶಕ ಎಂದುಕೊಳ್ಳಬೇಡಿ.

## ಹಂತ 5: ಬೆಲೆ ಓದಿ

ಬೆಲೆ ಯಾವ ನಾಣ್ಯದಲ್ಲಿದೆ ಎಂದು ನೋಡುವುದು ಎರಡು ನಿಮಿಷದ ಕೆಲಸ. ಇದನ್ನು ಯಾರೂ ಮಾಡುವುದಿಲ್ಲ.

ಜರ್ಮನಿಯಲ್ಲಿ ಮೊದಲು ಥಾಲರ್, ಗ್ರೋಶನ್. ಲೈಪ್‌ಜಿಗ್ ಇರುವ ಸ್ಯಾಕ್ಸನಿಯಲ್ಲಿ 1841ರಲ್ಲಿ ‘ಹೊಸ ಗ್ರೋಶನ್’ ಬಂತು. ಬೆಲೆಯ ಮುಂದೆ ‘ಎನ್. ಜಿ. ಆರ್.’ ಎಂಬ ಗುರುತಿದ್ದರೆ ಅದು 1841ರ ಆಮೇಲಿನದು. 1870ರ ದಶಕದಲ್ಲಿ ಮಾರ್ಕ್ ಬಂತು, 1876ರಿಂದ ದೇಶಕ್ಕೆಲ್ಲ ಅದೇ. ಬೆಲೆ ‘ಎಂ.’ ಎಂದು ಮಾರ್ಕ್‌ನಲ್ಲಿ ಮಾತ್ರ ಇದ್ದರೆ ಆ ಪ್ರತಿ 1870ರ ದಶಕಕ್ಕಿಂತ ಹಳೆಯದಲ್ಲ. ಥಾಲರ್, ಮಾರ್ಕ್ ಎರಡೂ ಇದ್ದರೆ ಇನ್ನೂ ಒಳ್ಳೆಯದು, ಬದಲಾವಣೆಯ ಆ ನಾಲ್ಕೈದು ವರ್ಷದೊಳಗಿನ ಪ್ರತಿ ಇರಬೇಕು.

ಆಸ್ಟ್ರಿಯಾದಲ್ಲಿ ಗುಲ್ಡನ್, ಕ್ರಾಯ್ಟ್ಸರ್. ‘ಸಿ. ಎಂ.’ ಎಂಬ ಗುರುತು 1858ರವರೆಗಿನದು. ‘ಓ. ಡಬ್ಲ್ಯೂ.’ ಅದರ ಆಮೇಲಿನದು. ಕ್ರೋನ ಬಂದದ್ದು 1892ರಲ್ಲಿ.

ಬೆಲೆಯ ಮೇಲೆ ಚೀಟಿ ಅಂಟಿಸಿದ್ದರೆ ಕೀಳಬೇಡಿ. ಹಾಳೆಯ ಹಿಂದಿನಿಂದ ಟಾರ್ಚ್ ಬಿಟ್ಟರೆ ಕೆಳಗಿನ ಅಚ್ಚು ಕಾಣುತ್ತದೆ.

## ಹಂತ 6: ಪ್ಲೇಟ್ ಸಂಖ್ಯೆ

ಸಂಗೀತದ ಪ್ರತಿ ಪುಟದ ಅಡಿಯ ನಡುವೆ ಒಂದು ಸಣ್ಣ ಸಂಖ್ಯೆ ಇರುತ್ತದೆ. ಮುಂದೆ ಕಂಪನಿಯ ಅಕ್ಷರಗಳೂ ಇರಬಹುದು. ಗೋದಾಮಿನಲ್ಲಿ ಯಾವ ಪ್ಲೇಟು ಯಾವ ಕೃತಿಯದು ಎಂದು ಗುರುತಿಡಲು ಹಾಕಿದ್ದು ಅದು. ಹೆಚ್ಚು ಕಡಿಮೆ ಕ್ರಮವಾಗಿ ಏರುತ್ತಾ ಹೋಗುವುದರಿಂದ ಕಾಲದ ಸುಳಿವು ಸಿಗುತ್ತದೆ.

ನಾಲ್ಕಂಕಿ ಕಂಡ ತಕ್ಷಣ ವರ್ಷ ಎಂದುಕೊಳ್ಳಬೇಡಿ. ಬೀಥೋವನ್‌ನ ಒಂಬತ್ತನೇ ಸಿಂಫನಿಯನ್ನು ಮೈನ್ಸ್ ನಗರದ ಶಾಟ್ ಕಂಪನಿ 1826ರಲ್ಲಿ ತಂದಿತು. ಅದರ ಪ್ಲೇಟ್ ಸಂಖ್ಯೆ 2322. ಅದನ್ನು ನೋಡಿ ಯಾರೂ ಮೋಸ ಹೋಗುವುದಿಲ್ಲ. ಆದರೆ ಸಂಖ್ಯೆ 1835 ಎಂದಿದ್ದರೆ? ಬೇರೆ ಪುಟದ ಅಡಿ, ಅದೇ ಕಂಪನಿಯ ಬೇರೆ ಪುಸ್ತಕ, ಎರಡನ್ನೂ ನೋಡಿ. ಪುಸ್ತಕದಿಂದ ಪುಸ್ತಕಕ್ಕೆ ಅಂಕಿ ಬದಲಾಗಿದ್ದರೆ ಅದು ಪ್ಲೇಟ್ ಸಂಖ್ಯೆ.

ಇದೇ ಸಿಂಫನಿ ಇನ್ನೊಂದು ವಿಷಯ ಹೇಳುತ್ತದೆ. ಮೊದಲು ಹೊರಬಂದ ಪ್ರತಿಗಳಲ್ಲಿ ವೇಗ ಹೇಳುವ ಮೆಟ್ರೊನೋಮ್ ಗುರುತುಗಳಿಲ್ಲ. ಬೀಥೋವನ್ ಅವನ್ನು ಆಮೇಲೆ ಕಳಿಸಿದ, ಅದೇ ಪ್ಲೇಟಿನ ಮೇಲೆ ಸೇರಿಸಿದರು. ಸಂಖ್ಯೆ ಒಂದೇ, ಪ್ರತಿಗಳು ಬೇರೆ. ಸಂಖ್ಯೆಯೊಂದನ್ನೇ ನೋಡಿ ‘ಮೊದಲ ಮುದ್ರಣ’ ಎಂದವರಿಗೆ ಇದು ಸಾಕಷ್ಟು ಉತ್ತರ.

ಸಂಖ್ಯೆ ಯಾವಾಗಲೂ ಸರಾಗವಾಗಿ ಏರುವುದಿಲ್ಲ. ಮಿಲಾನಿನ ರಿಕಾರ್ಡಿ ಕಂಪನಿಯ ‘ಒಟೆಲ್ಲೊ’ ವೋಕಲ್ ಸ್ಕೋರ್, 1887, ಸಂಖ್ಯೆ 52105. ಆರು ವರ್ಷ ಬಿಟ್ಟು 1893ರಲ್ಲಿ ‘ಫಾಲ್‌ಸ್ಟಾಫ್’, ಸಂಖ್ಯೆ 96000. ಆರು ವರ್ಷದಲ್ಲಿ ನಲವತ್ನಾಲ್ಕು ಸಾವಿರ ಹೊಸ ಕೃತಿ ಯಾರು ಕೊರೆಯುತ್ತಾರೆ? ನಡುವೆ ಸಂಖ್ಯೆ ಹಾರಿದೆ. ಹಾಗಾಗಿ ಎರಡು ಗೊತ್ತಿರುವ ಸಂಖ್ಯೆಗಳ ನಡುವೆ ಗೆರೆ ಎಳೆದು ‘ಸರಿಯಾಗಿ ಮಧ್ಯದ ವರ್ಷ’ ತೆಗೆಯುವ ಗಣಿತ ಮಾಡಬೇಡಿ. ನಿಮ್ಮ ಸಂಖ್ಯೆಗೆ ತೀರ ಹತ್ತಿರದ ನಾಲ್ಕೈದು ಸಂಖ್ಯೆಗಳ ವರ್ಷ ಹುಡುಕಿ, ಅವೆಲ್ಲ ಒಂದೇ ಕಡೆ ಕೈ ತೋರಿಸಿದರೆ ನಂಬಿ.

ಬ್ರೈಟ್‌ಕೋಫ್ ಕಂಪನಿಯ ಸಮಗ್ರ ಕೃತಿ ಸಂಪುಟಗಳಿಗೆ ಬೇರೆಯೇ ಸಾಲಿನ ಸಂಖ್ಯೆ ಇದೆ. ‘ಬಿ. 124’ ಬೀಥೋವನ್‌ನ ಮೊದಲ ಸೊನಾಟಾ, ‘ಬಿ. 137’ ಜನ ಮೂನ್‌ಲೈಟ್ ಎನ್ನುವ ಹದಿನಾಲ್ಕನೆಯದು, 1860ರ ದಶಕದ ಸಂಪುಟ. ‘ಡಬ್ಲ್ಯೂ. ಎ. ಎಂ.’ ಎಂದಿದ್ದರೆ ಮೊಜಾರ್ಟ್, 1877ರಿಂದ. ‘ಎಫ್. ಎಸ್.’ ಶೂಬರ್ಟ್, 1884ರಿಂದ. ‘ಆರ್. ಎಸ್.’ ಶೂಮನ್, ಹೆಂಡತಿ ಕ್ಲಾರಾ ಸಂಪಾದಿಸಿದ್ದು, 1879ರಿಂದ. ಇವನ್ನು ಕಂಪನಿಯ ಮಾಮೂಲಿ ಪಟ್ಟಿಯಲ್ಲಿ ಹುಡುಕಿದರೆ ಶತಮಾನದ ಆರಂಭಕ್ಕೆ ಹೋಗಿ ಬೀಳುತ್ತೀರಿ.

ನಾನು ಬಿದ್ದಿದ್ದೇನೆ, ಬೇರೆ ರೀತಿಯಲ್ಲಿ. ಬೆಂಗಳೂರಿನ ಅವೆನ್ಯೂ ರಸ್ತೆಯ ಫುಟ್‌ಪಾತಿನಲ್ಲಿ ಸಿಕ್ಕ ಸೊನಾಟಾ ಪುಸ್ತಕದಲ್ಲಿ ‘ಬಿ.’ ಸಂಖ್ಯೆ ನೋಡಿ 1862 ಎಂದು ಹಣೆಬರಹ ಬರೆದುಬಿಟ್ಟೆ. ಮೂರು ವರ್ಷ ಆದ ಮೇಲೆ ರಟ್ಟಿನ ಒಳಗೆ ನ್ಯೂಯಾರ್ಕ್ ಎಂಬ ಸಣ್ಣಕ್ಷರ ಕಂಡಿತು. ಇಪ್ಪತ್ತನೇ ಶತಮಾನದ ಫೋಟೊ ಮರುಮುದ್ರಣ. ಹಳೆಯ ಪುಟವನ್ನು ಫೋಟೊ ತೆಗೆದು ಅಚ್ಚು ಹಾಕಿದರೆ ಹಳೆಯ ಸಂಖ್ಯೆಯೂ ಜೊತೆಗೇ ಬರುತ್ತದೆ. ಅಷ್ಟು ಸರಳ, ಅಷ್ಟು ಮುಜುಗರ.

## ಹಂತ 7: ಹಕ್ಕಿನ ಸಾಲು ಮತ್ತು ಪಟ್ಟಿ ಇರುವ ಮುಖಪುಟ

ಅಮೆರಿಕದ ಹಾಳೆಗಳಲ್ಲಿ ‘ಕಾಂಗ್ರೆಸ್ಸಿನ ಕಾಯಿದೆಯ ಪ್ರಕಾರ ಇಂಥ ವರ್ಷ ನೋಂದಾಯಿಸಲಾಗಿದೆ’ ಎಂಬ ಅರ್ಥದ ಇಂಗ್ಲಿಷ್ ಸಾಲು ಇರುತ್ತದೆ. ಅದು ನೋಂದಣಿಯ ವರ್ಷ. ಆಮೇಲೆ ಅದೇ ಪ್ಲೇಟಿನಿಂದ ಎಷ್ಟು ಸಲ ಒತ್ತಿದರೋ ಲೆಕ್ಕ ಇಲ್ಲ.

ಜರ್ಮನ್ ಅಥವಾ ಫ್ರೆಂಚ್ ಪುಸ್ತಕದಲ್ಲಿ ‘ಕಾಪಿರೈಟ್ ಇಂಥ ವರ್ಷ’ ಎಂದು ಇಂಗ್ಲಿಷಿನಲ್ಲಿ ಇದ್ದರೆ ಕಣ್ಣರಳಿಸಿ. ವಿದೇಶಿ ಕೃತಿಗಳಿಗೆ ಅಮೆರಿಕ ಹಕ್ಕು ಕೊಡಲು ಶುರು ಮಾಡಿದ್ದು 1891ರ ಜುಲೈಯಿಂದ. ಯುರೋಪಿನ ಪ್ರಕಾಶಕರು ಆ ಸಾಲು ಹಾಕುವುದು ರೂಢಿಯಾದದ್ದು ಅಲ್ಲಿಂದ.

ಅದಕ್ಕೂ ಮೊದಲು ದೇಶ ದಾಟಿದರೆ ಹಕ್ಕು ಗಟ್ಟಿಯಾಗಿರಲಿಲ್ಲ. ಹಾಗಾಗಿ ಶೋಪ್ಯಾನ್ ಒಂದೇ ಕೃತಿಯನ್ನು ಮೂರು ದೇಶದಲ್ಲಿ ಮಾರುತ್ತಿದ್ದ. ಓಪಸ್ 9ರ ನಾಕ್ಟರ್ನ್‌ಗಳು ಪ್ಯಾರಿಸ್ಸಿನಲ್ಲಿ ಶ್ಲೆಸಿಂಗರ್, ಲೈಪ್‌ಜಿಗ್‌ನಲ್ಲಿ ಕಿಸ್ಟ್ನರ್, ಲಂಡನ್ನಿನಲ್ಲಿ ವೆಸೆಲ್ ಹೀಗೆ ಮೂರು ಕಡೆ ಬಂದವು. ಮೂರಕ್ಕೂ ಬೇರೆ ಬೇರೆ ಪ್ಲೇಟ್ ಸಂಖ್ಯೆ. ಒಂದು ಊರಿನ ಸಂಖ್ಯೆಯನ್ನು ಇನ್ನೊಂದು ಊರಿನ ಪಟ್ಟಿಯಲ್ಲಿ ಹುಡುಕಬೇಡಿ.

ಅಗ್ಗದ ಜರ್ಮನ್ ಪುಸ್ತಕಗಳಿಗೆ 1867 ದೊಡ್ಡ ಗಡಿ. 1837ರ ನವೆಂಬರ್ 9ಕ್ಕಿಂತ ಮೊದಲು ಸತ್ತವರ ಕೃತಿಗಳ ಹಕ್ಕು 1867ರ ಅದೇ ದಿನ ಮುಗಿಯಿತು. ಬೀಥೋವನ್, ಶೂಬರ್ಟ್, ವೇಬರ್ ಎಲ್ಲ ಒಟ್ಟಿಗೆ ಬಿಡುಗಡೆ. ‘ಎಡಿಷನ್ ಪೀಟರ್ಸ್’ ಸರಣಿ ಶುರುವಾದದ್ದೂ ಆ ವರ್ಷವೇ. ಮೇಲೆ ಆ ಹೆಸರಿದ್ದರೆ ಅಜ್ಜಿಯ ಪುಸ್ತಕ 1820ರದ್ದು ಆಗಲು ಸಾಧ್ಯವೇ ಇಲ್ಲ.

ಇನ್ನೊಂದು, ಒಂದೇ ಮುಖಪುಟದಲ್ಲಿ ಹತ್ತಿಪ್ಪತ್ತು ಕೃತಿಗಳ ಪಟ್ಟಿ ಹಾಕಿ, ಒಳಗಿರುವ ಕೃತಿಗೆ ಮಾತ್ರ ಗೆರೆ ಎಳೆದು ಮಾರುತ್ತಿದ್ದರು. ಆ ಪಟ್ಟಿಯಲ್ಲಿ ಎಲ್ಲಕ್ಕಿಂತ ಕೊನೆಗೆ ಅಚ್ಚಾದ ಕೃತಿ ಯಾವುದು ಎಂದು ಹುಡುಕಿ. ನಿಮ್ಮ ಪ್ರತಿ ಅದಕ್ಕಿಂತ ಹಳೆಯದಾಗಿರಲು ಆಗದು. ಹಿಂಬದಿಯ ಜಾಹೀರಾತಿಗೂ ಇದೇ ನಿಯಮ.

## ಹಂತ 8: ಹೇಗೆ ಅಚ್ಚಾಗಿದೆ?

ಕೋಣೆಯ ದೀಪ ಆರಿಸಿ. ಟಾರ್ಚನ್ನು ಹಾಳೆಗೆ ಮಲಗಿಸಿದ ಹಾಗೆ ಪಕ್ಕದಿಂದ ಬಿಡಿ. ಸಂಗೀತದ ಸುತ್ತ ಚೌಕಾಕಾರದ ತಗ್ಗು ಕಂಡರೆ ಅದು ಲೋಹದ ಪ್ಲೇಟಿನಿಂದ ನೇರವಾಗಿ ಒತ್ತಿದ್ದು. ಮಸಿ ಸ್ವಲ್ಪ ಉಬ್ಬಿರುತ್ತದೆ. ತಗ್ಗು ಇಲ್ಲದೆ ಮಸಿ ಚಪ್ಪಟೆಯಾಗಿದ್ದರೆ ಕಲ್ಲಚ್ಚು. ಪ್ಲೇಟಿನ ಗುರುತನ್ನು ಕಲ್ಲಿಗೆ ಇಳಿಸಿ, ಯಂತ್ರದಲ್ಲಿ ಸಾವಿರಗಟ್ಟಲೆ ಒತ್ತುವುದು ಶತಮಾನದ ಉತ್ತರಾರ್ಧದ ಪದ್ಧತಿ. ಅಡಿಯಲ್ಲಿ ಲೈಪ್‌ಜಿಗ್‌ನ ‘ಸಿ. ಜಿ. ರೋಡರ್’ ಹೆಸರು ಕಂಡರೆ ಅದು ಅಚ್ಚು ಹಾಕಿದವರದು, ಪ್ರಕಾಶಕರದಲ್ಲ. ಆ ಅಚ್ಚುಕೂಟ ಶುರುವಾದದ್ದು 1846ರಲ್ಲಿ.

ಭೂತಕನ್ನಡಿಯಲ್ಲಿ ಸ್ವರ ಬರೆಯುವ ಐದು ಗೆರೆಗಳು ಅಲ್ಲಲ್ಲಿ ಕೂದಲೆಳೆಯಷ್ಟು ತುಂಡಾಗಿದ್ದರೆ ಅದು ಅಚ್ಚುಮೊಳೆ ಜೋಡಿಸಿ ಮಾಡಿದ ಅಚ್ಚು. ನೊವೆಲೊ ಅಗ್ಗದ ಕೋರಸ್ ಪುಸ್ತಕಗಳಲ್ಲಿ ಇದು ಮಾಮೂಲು. ಗೆರೆ ಮಸುಕಾಗಿ, ಪ್ಲೇಟ್ ಬಿರುಕು ಬಿಟ್ಟ ಗುರುತಿದ್ದರೆ ತೇದ ಪ್ಲೇಟಿನ ತಡವಾದ ಪ್ರತಿ. ಸಣ್ಣ ಜಾಗಗಳೆಲ್ಲ ಮಸಿ ತುಂಬಿ, ತೆಳು ಗೆರೆ ಮುರಿದು, ಕಾಗದ ಮಾತ್ರ ಬೆಳ್ಳಗೆ ನುಣುಪಾಗಿದ್ದರೆ ಫೋಟೊ ಮರುಮುದ್ರಣದ ಅನುಮಾನ ಪಡಿ.

ಕಾಗದ ಕಂದಾಗಿದೆ ಎಂದು ತುಂಬ ಹಳೆಯದು ಎನ್ನಬೇಡಿ. ತಿರುಗುಮುರುಗು. 1820ರ ಬಟ್ಟೆಚಿಂದಿಯ ಕಾಗದ ಇವತ್ತಿಗೂ ಬೆಳ್ಳಗಿರುತ್ತದೆ. ಮುಟ್ಟಿದರೆ ಹಪ್ಪಳದ ಹಾಗೆ ಮುರಿಯುವುದು ಶತಮಾನದ ಕೊನೆಯ ಮರದ ತಿರುಳಿನ ಕಾಗದ.

## ಹಂತ 9: ಈಗ ಕೆಟಲಾಗ್ ತೆರೆಯಿರಿ

ಲೈಪ್‌ಜಿಗ್‌ನ ಹೋಫ್‌ಮೈಸ್ಟರ್ ಕಂಪನಿ 1829ರಿಂದ ತಿಂಗಳು ತಿಂಗಳು ಹೊಸ ಸಂಗೀತ ಪ್ರಕಟಣೆಗಳ ಪಟ್ಟಿ ತರುತ್ತಿತ್ತು. 1900ರವರೆಗಿನದು ಇಂಟರ್ನೆಟ್ಟಿನಲ್ಲಿ ಉಚಿತವಾಗಿ ಸಿಗುತ್ತದೆ. ಫ್ರಾನ್ಸಿನ ಪ್ರಕಟಣೆಗಳಿಗೆ 1811ರಿಂದ ಶುರುವಾದ ಸರ್ಕಾರಿ ಪಟ್ಟಿ ಇದೆ. ಪ್ಲೇಟ್ ಸಂಖ್ಯೆಗಳ ಪಟ್ಟಿಗೆ ಐಎಂಎಸ್‌ಎಲ್‌ಪಿ ಎಂಬ ಸಂಗೀತ ಸ್ಕೋರ್‌ಗಳ ಜಾಲತಾಣ ಅನುಕೂಲ. ಬಳಕೆದಾರರೇ ತುಂಬಿದ್ದು, ತಪ್ಪೂ ಇರುತ್ತದೆ.

ಹುಡುಕಿ ಸೋಲುವವರು ಸೋಲುವುದು ಭಾಷೆಯಲ್ಲಿ. ಹೋಫ್‌ಮೈಸ್ಟರ್‌ನಲ್ಲಿ ಎಲ್ಲ ಜರ್ಮನ್ ರೂಢಿ. ನಾವು ಬಿ ಎನ್ನುವ ಸ್ವರ ಅವರಿಗೆ ‘ಹಾ’, ಬಿ ಫ್ಲ್ಯಾಟ್ ಅವರಿಗೆ ಬರೀ ‘ಬೇ’. ಇ ಫ್ಲ್ಯಾಟ್ ‘ಎಸ್’, ಸಿ ಶಾರ್ಪ್ ‘ತ್ಸಿಸ್’. ಮೇಜರ್ ‘ಡೂರ್’, ಮೈನರ್ ‘ಮೋಲ್’. ಚೈಕೋವ್‌ಸ್ಕಿ ಹೆಸರನ್ನು ಇಂಗ್ಲಿಷ್ ಕಾಗುಣಿತದಲ್ಲಿ ಹುಡುಕಿದರೆ ಸಿಗುವುದಿಲ್ಲ, ಜರ್ಮನ್ ಕಾಗುಣಿತದಲ್ಲಿ ಹುಡುಕಿ. ಪುಸ್ತಕ ಬಂದು ವಾರಗಳೋ ತಿಂಗಳುಗಳೋ ಆದ ಮೇಲೆ ಪಟ್ಟಿಗೆ ಸೇರುತ್ತಿತ್ತು, ಅದನ್ನೂ ನೆನಪಿಡಿ.

ಲೈಬ್ರರಿಯ ಕೆಟಲಾಗಿನಲ್ಲಿ ವರ್ಷ ಚೌಕ ಆವರಣದೊಳಗೆ ಇದ್ದರೆ ಅದು ಆ ಲೈಬ್ರರಿಯವರ ಊಹೆ. ನೀವೂ ಊಹಿಸಬಹುದಿತ್ತು, ಅಲ್ವಾ?

## ಹಂತ 10: ಎರಡು ವರ್ಷ ಬರೆಯಿರಿ

ಒಂದು ಉದಾಹರಣೆ ಹಿಡಿಯೋಣ. ಬ್ರಾಮ್ಸ್‌ನ ‘ಹಂಗೇರಿಯನ್ ಡಾನ್ಸಸ್’ ಮೊದಲ ಪುಸ್ತಕ, ನಾಲ್ಕು ಕೈಯ ಪಿಯಾನೊ ರೂಪ, ಪ್ರಕಾಶಕ ಸಿಮ್ರಾಕ್. ಕೈಪಿಡಿ ನೋಡಿದರೆ 1869 ಎನ್ನುತ್ತದೆ. ಅಂಗಡಿಯವನು ‘ಮೊದಲ ಮುದ್ರಣ’ ಎನ್ನುತ್ತಾನೆ.

ಬೆಲೆ ನೋಡಿದಿರಿ, ಮಾರ್ಕ್‌ನಲ್ಲಿದೆ. 1869ರಲ್ಲಿ ಮಾರ್ಕ್ ಬಂದಿರಲಿಲ್ಲ. ಮುಖಪುಟದಲ್ಲಿ ನಾಲ್ಕೂ ಪುಸ್ತಕಗಳ ಪಟ್ಟಿ ಇದೆ, ಮೂರು ಮತ್ತು ನಾಲ್ಕನೆಯದು ಬಂದದ್ದು 1880ರಲ್ಲಿ. ‘ಮೊದಲಲ್ಲ’ ಕಾಲಂಗೆ 1880 ಬಂತು. ಕಂಪನಿಯ ಹೆಸರಿನಲ್ಲಿ ‘ಜಿ. ಎಂ. ಬಿ. ಎಚ್.’ ಎಂಬ ಆ ನಾಲ್ಕಕ್ಷರ ಇಲ್ಲ. ಅದು ಸಣ್ಣ ಸುಳಿವು, ಪೂರ್ತಿ ಸಾಕ್ಷಿಯಲ್ಲ, ಪೆನ್ಸಿಲ್ಲಿನಲ್ಲಿ ಬರೆಯಿರಿ. ಒಳಗೆ ಶಾಯಿಯಲ್ಲಿ ಯಾರದೋ ಹೆಸರು, 1893. ‘ಆಮೇಲಲ್ಲ’ ಕಾಲಂ ಕೂಡ ತುಂಬಿತು.

ಹಾಗಾದರೆ ನೀವು ಬರೆಯಬೇಕಾದ್ದು: ‘ಪ್ಲೇಟು 1869. ಈ ಪ್ರತಿ 1880 ಮತ್ತು 1893ರ ನಡುವೆ.’

‘ಸುಮಾರು 1886’ ಎಂದು ಮಧ್ಯದ ವರ್ಷ ಹಾಕಬೇಡಿ. ಮುಂದಿನವರು ‘ಸುಮಾರು’ ಎಂಬ ಮಾತನ್ನು ಅಳಿಸಿ ನಕಲು ಮಾಡುತ್ತಾರೆ. ಒಂದು ಕಾಲಂ ಖಾಲಿ ಉಳಿದರೆ ಖಾಲಿಯೇ ಬಿಡಿ. ಎರಡು ಸಾಕ್ಷಿಗಳು ಜಗಳವಾಡುತ್ತಿದ್ದರೆ ಮುಖಪುಟ ಮತ್ತು ಒಳಹಾಳೆ ಬೇರೆ ಬೇರೆ ಪುಸ್ತಕದ್ದೇ ಎಂದು ಹೊಲಿಗೆ ಬಿಚ್ಚದೆ ಬೆನ್ನಿನ ಕಡೆಯಿಂದ ನೋಡಿ. ಬೈಂಡಿಂಗ್ ಮಾಡಿಸುವಾಗ ಹರಿದ ಮುಖಪುಟಕ್ಕೆ ಬೇರೆಯದನ್ನು ಸೇರಿಸಿದ್ದು ನಾನು ಎರಡು ಸಲ ನೋಡಿದ್ದೇನೆ.

ಕೊನೆಗೆ ಈ ಟಿಪ್ಪಣಿಯನ್ನು ಬೇರೆ ಚೀಟಿಯಲ್ಲಿ ಬರೆದು ಪುಸ್ತಕದೊಳಗಿಡಿ. ಸ್ಟೇಪ್ಲರ್ ಪಿನ್ ಬೇಡ, ತುಕ್ಕು ಹಿಡಿಯುತ್ತದೆ.